ನಡಿಗೆಯಿಂದ ಆರಂಭವಾಗುವ ಪಾತ್ರ: ಅಲೆಕ್ ಗಿನ್ನೆಸ್ ಕುರಿತು ಓದುಗರ ಪ್ರಶ್ನೆಗಳು

ಎರಡು ಸಂಚಿಕೆಗಳ ಹಿಂದೆ ಇದೇ ಅಂಕಣದಲ್ಲಿ ‘ದಿ ಬ್ರಿಡ್ಜ್ ಆನ್ ದ ರಿವರ್ ಕ್ವಾಯ್’ ಚಿತ್ರದ ಬಗ್ಗೆ ಬಂದ ಪ್ರಶ್ನೆಗೆ ಉತ್ತರಿಸುವಾಗ, ಅದರಲ್ಲಿ ಕರ್ನಲ್ ನಿಕೋಲ್ಸನ್ ಆಗಿ ಅಭಿನಯಿಸಿದ ಬ್ರಿಟಿಷ್ ನಟ ಅಲೆಕ್ ಗಿನ್ನೆಸ್ ಅವರ ಹೆಸರನ್ನು ಒಂದೇ ಸಾಲಿನಲ್ಲಿ ಹೇಳಿ ಮುಂದೆ ಸಾಗಿದ್ದೆ. ಆ ಒಂದು ಸಾಲು ಸಾಲದು ಎಂದು ಹಲವು ಓದುಗರು ಬರೆದಿದ್ದಾರೆ. ಅವರ ಮಾತು ಸರಿ. ಈ ಸಲದ ಅಂಕಣವನ್ನು ಪೂರ್ತಿಯಾಗಿ ಗಿನ್ನೆಸ್ ಅವರಿಗೇ ಮೀಸಲಿಟ್ಟಿದ್ದೇನೆ.

ಪ್ರಶ್ನೆ: ಒಂದೇ ಚಿತ್ರದಲ್ಲಿ ಗಿನ್ನೆಸ್ ಎಂಟು ಪಾತ್ರಗಳನ್ನು ಮಾಡಿದ್ದಾರೆಂದು ಕೇಳಿದ್ದೇನೆ. ಅದು ಮೇಕಪ್ಪಿನ ಚಮತ್ಕಾರ ಮಾತ್ರವೇ? ನಟನೆ ಕಲಿಯುವವರಿಗೆ ಅದರಲ್ಲಿ ಸಿಗುವಂಥದ್ದೇನಾದರೂ ಇದೆಯೇ? ಅವರನ್ನು ‘ಪೋಷಕ ನಟ’ ಎಂದು ಕರೆಯುವುದು ಸರಿಯೇ?
– ರಂಗಶಿಕ್ಷಣದ ವಿದ್ಯಾರ್ಥಿನಿ, ಮೈಸೂರು

ಉತ್ತರ: ನಿಮ್ಮ ಕೊನೆಯ ಪ್ರಶ್ನೆಯನ್ನೇ ಮೊದಲು ಎತ್ತಿಕೊಳ್ಳುತ್ತೇನೆ. ‘ಕ್ಯಾರೆಕ್ಟರ್ ಆ್ಯಕ್ಟರ್’ ಎಂಬುದಕ್ಕೆ ನಮ್ಮ ಸಿನಿಮಾ ಪತ್ರಿಕೆಗಳು ‘ಪೋಷಕ ನಟ’ ಎಂದು ಬರೆಯುತ್ತ ಬಂದಿವೆ. ಪೋಷಕ ನಟನೆಂದರೆ ನಾಯಕನ ಕಥೆಗೆ ಒತ್ತಾಸೆಯಾಗಿ ನಿಲ್ಲುವವನು. ತಂದೆ, ಮಾವ, ಊರಗೌಡ, ವಕೀಲ ಇತ್ಯಾದಿ. ಗಿನ್ನೆಸ್ ಅಂಥ ಪಾತ್ರಗಳನ್ನೂ ಮಾಡಿದರು, ಆದರೆ ನಾಯಕನಾಗಿ ನಿಂತಾಗಲೂ ಅವರು ಕ್ಯಾರೆಕ್ಟರ್ ಆ್ಯಕ್ಟರೇ ಆಗಿದ್ದರು. ತಾರಾನಟ ಯಾವ ಪಾತ್ರ ಮಾಡಿದರೂ ಪ್ರೇಕ್ಷಕರು ನೋಡಲು ಹೋಗುವುದು ಆ ನಟನನ್ನು. ಗಿನ್ನೆಸ್ ಚಿತ್ರಕ್ಕೆ ಹೋದವರಿಗೆ ಎದುರಾಗುತ್ತಿದ್ದುದು ಪಾತ್ರ. ನಟನನ್ನು ಅದರೊಳಗೆ ಹುಡುಕಬೇಕಾಗುತ್ತಿತ್ತು. ಹೀಗಾಗಿ ‘ಪಾತ್ರನಟ’ ಎಂಬ ಮಾತು ಅವರಿಗೆ ಹೆಚ್ಚು ಒಪ್ಪುತ್ತದೆಂದು ನನಗೆ ಅನ್ನಿಸುತ್ತದೆ.

ನೀವು ಹೇಳುತ್ತಿರುವ ಚಿತ್ರ 1949ರಲ್ಲಿ ಲಂಡನ್ನಿನ ಈಲಿಂಗ್ ಸ್ಟುಡಿಯೋ ತಯಾರಿಸಿ, ರಾಬರ್ಟ್ ಹ್ಯಾಮರ್ ನಿರ್ದೇಶಿಸಿದ ‘ಕೈಂಡ್ ಹಾರ್ಟ್ಸ್ ಅಂಡ್ ಕೊರೊನೆಟ್ಸ್’. ಮನೆತನವು ಹೊರಹಾಕಿದ ಹೆಣ್ಣುಮಗಳ ಮಗನೊಬ್ಬ, ತನಗೂ ಡ್ಯೂಕ್ ಪದವಿಗೂ ನಡುವೆ ಇರುವ ಬಂಧುಗಳನ್ನು ಒಬ್ಬೊಬ್ಬರನ್ನಾಗಿ ಮುಗಿಸುತ್ತ ಹೋಗುವ ಕಥೆ ಅದು. ಕೊಲೆಗಾರನಾಗಿ ಡೆನಿಸ್ ಪ್ರೈಸ್ ಅಭಿನಯಿಸಿದರೆ, ಅವನ ದಾರಿಗೆ ಅಡ್ಡವಾಗಿರುವ ಡ್ಯಾಸ್ಕೊಯ್ನ್ ವಂಶದವರೆಲ್ಲರೂ ಗಿನ್ನೆಸ್ ಅವರೇ: ಡ್ಯೂಕ್, ಬ್ಯಾಂಕಿನ ಒಡೆಯ, ಪಾದ್ರಿ, ಜನರಲ್, ಅಡ್ಮಿರಲ್, ಇಬ್ಬರು ತರುಣರು, ಮಹಿಳೆಯರ ಮತದಾನದ ಹಕ್ಕಿಗಾಗಿ ಹೋರಾಡುವ ಲೇಡಿ ಅಗಾಥಾ. ಅವರಿಗೆ ಮೊದಲು ಬಂದ ಆಹ್ವಾನ ನಾಲ್ಕು ಪಾತ್ರಗಳಿಗೆ ಮಾತ್ರ. ಚಿತ್ರಕಥೆಯನ್ನು ಓದಿದ ಮೇಲೆ, ನಾಲ್ಕೇ ಏಕೆ, ಎಂಟನ್ನೂ ನಾನೇ ಏಕೆ ಮಾಡಬಾರದು ಎಂದು ಅವರೇ ಕೇಳಿದರು. ಆಗ ಅವರಿಗೆ ಮೂವತ್ತೈದರ ಆಸುಪಾಸು.

ಮೇಕಪ್ ಇತ್ತು, ನಿಜ. ಕ್ಯಾಮೆರಾದ ಕೈಚಳಕವೂ ಇತ್ತು. ಚರ್ಚಿನ ಒಂದು ದೃಶ್ಯದಲ್ಲಿ ಆರು ಮಂದಿ ಡ್ಯಾಸ್ಕೊಯ್ನರು ಒಂದೇ ಚೌಕಟ್ಟಿನಲ್ಲಿ ಕಾಣಿಸಿಕೊಳ್ಳುತ್ತಾರೆ. ಇಂದು ಗಣಕಯಂತ್ರದ ಮುಂದೆ ಕುಳಿತು ಮಾಡಬಹುದಾದ ಈ ಕೆಲಸವನ್ನು ಛಾಯಾಗ್ರಾಹಕ ಡಗ್ಲಸ್ ಸ್ಲೋಕೊಂಬ್ ಆ ಕಾಲದಲ್ಲಿ ಕ್ಯಾಮೆರಾದೊಳಗೇ ಮಾಡಿದರು. ಕ್ಯಾಮೆರಾವನ್ನು ಅಲುಗದಂತೆ ನೆಲಕ್ಕೆ ಬಿಗಿದು, ಮಸೂರದ ಮುಂದೆ ಒಬ್ಬ ವ್ಯಕ್ತಿಗೆ ಬೇಕಾದಷ್ಟು ಜಾಗವನ್ನು ಮಾತ್ರ ಬಿಟ್ಟು ಉಳಿದದ್ದನ್ನು ಕಪ್ಪು ತಡೆಯಿಂದ ಮುಚ್ಚಿ, ಗಿನ್ನೆಸ್ ಒಂದು ವೇಷ ಕಳಚಿ ಇನ್ನೊಂದನ್ನು ಧರಿಸಿ ಬರುವವರೆಗೆ ಕಾದು, ಅದೇ ಫಿಲ್ಮನ್ನು ಹಿಂದಕ್ಕೆ ಸುತ್ತಿ ಮತ್ತೆ ಮತ್ತೆ ಚಿತ್ರಿಸಿದರು. ಇದಕ್ಕೆ ದಿನಗಳೇ ಹಿಡಿದವು. ಕ್ಯಾಮೆರಾಕ್ಕೆ ಯಾರ ಕೈಯಾದರೂ ತಗುಲಿ ಕೂದಲೆಳೆಯಷ್ಟು ಸರಿದರೂ ಮಾಡಿದ್ದೆಲ್ಲ ಹಾಳು ಎಂಬ ಕಾರಣಕ್ಕೆ ಸ್ಲೋಕೊಂಬ್ ರಾತ್ರಿ ಅದರ ಪಕ್ಕದಲ್ಲೇ ಮಲಗಿದ್ದರು.

ಆದರೆ ನೀವು ನಟನೆಯ ವಿದ್ಯಾರ್ಥಿನಿ. ಆದ್ದರಿಂದ ಆ ದೃಶ್ಯಕ್ಕಿಂತ ಬಿಡಿ ದೃಶ್ಯಗಳನ್ನು ಗಮನಿಸಿರಿ ಎಂದು ಕೇಳಿಕೊಳ್ಳುತ್ತೇನೆ. ಪಾದ್ರಿ ತನ್ನ ಚರ್ಚಿನ ಬಣ್ಣಗಾಜಿನ ಕಿಟಕಿಗಳನ್ನು ತೋರಿಸುತ್ತ ಬರುವಾಗ ಅವನ ಕಾಲು ಮಾತಿಗಿಂತ ಒಂದು ಹೆಜ್ಜೆ ಹಿಂದೆ ಉಳಿದಿರುತ್ತದೆ. ಅಡ್ಮಿರಲ್ ತನ್ನದೇ ತಪ್ಪಿನಿಂದ ಮುಳುಗುತ್ತಿರುವ ಹಡಗಿನ ಮೇಲೆ ಸೆಲ್ಯೂಟ್ ಹೊಡೆದು ನಿಂತೇ ನೀರಿಗಿಳಿಯುತ್ತಾನೆ. ಅಲ್ಲಿ ಇಡೀ ಮನುಷ್ಯ ಬೆನ್ನೆಲುಬಿನಲ್ಲಿದ್ದಾನೆ. ಮದ್ಯ ವಿರೋಧಿಯಾದ ಹೆಂಡತಿಗೆ ತಿಳಿಯದಂತೆ ಫೋಟೋ ತೊಳೆಯುವ ಕತ್ತಲೆ ಕೋಣೆಯಲ್ಲಿ ಬಾಟಲಿ ಅಡಗಿಸಿಟ್ಟುಕೊಂಡಿರುವ ತರುಣ ಹೆನ್ರಿಗೆ ಮೇಕಪ್ ಇಲ್ಲವೆಂದೇ ಹೇಳಬಹುದು. ಅವನ ಸಂಕೋಚದ ನಗು ಮಾತ್ರ ಅವನನ್ನು ಉಳಿದ ಏಳು ಮಂದಿಯಿಂದ ಬೇರ್ಪಡಿಸುತ್ತದೆ. ನಮ್ಮ ನಾಟ್ಯಶಾಸ್ತ್ರದ ಪರಿಭಾಷೆಯಲ್ಲಿ ಹೇಳುವುದಾದರೆ, ಪ್ರೇಕ್ಷಕ ಆಹಾರ್ಯವನ್ನು, ಅಂದರೆ ವೇಷಭೂಷಣವನ್ನು, ನೋಡಿ ಬೆರಗಾಗುತ್ತಿರುವಾಗ ಗಿನ್ನೆಸ್ ಆಂಗಿಕದಲ್ಲಿ, ಅಂದರೆ ದೇಹದ ಚಲನೆಯಲ್ಲಿ, ತಮ್ಮ ಕೆಲಸ ಮಾಡಿ ಮುಗಿಸಿರುತ್ತಾರೆ. ಪಾತ್ರದ ನಡಿಗೆ ಸಿಗುವವರೆಗೆ ಪಾತ್ರ ಸಿಕ್ಕಿತೆಂದು ಅವರು ನಂಬುತ್ತಿರಲಿಲ್ಲ. ಈ ‘ನಡಿಗೆ’ಯ ಮಾತು ಮುಂದಿನ ಉತ್ತರಗಳಲ್ಲೂ ಬರುತ್ತದೆ, ಏಕೆಂದರೆ ಸುಮಾರು ಅರುವತ್ತು ವರ್ಷಗಳ ಅವರ ವೃತ್ತಿಜೀವನವನ್ನು ಹಿಡಿದು ನೋಡಲು ಇದಕ್ಕಿಂತ ಒಳ್ಳೆಯ ಹಿಡಿಕೆ ನನಗೆ ಸಿಕ್ಕಿಲ್ಲ.

ಪ್ರಶ್ನೆ: ಗಿನ್ನೆಸ್ ಎಂಬ ಹೆಸರಿನ ಐರಿಷ್ ಬಿಯರ್ ಕಂಪನಿಯ ಮನೆತನಕ್ಕೆ ಅವರು ಸೇರಿದವರೇ? ಅಂಥ ಸಿರಿವಂತಿಕೆಯಿಂದ ಬಂದವರು ನಟರಾದದ್ದು ಹೇಗೆ?
– ಓದುಗರು, ದಾವಣಗೆರೆ

ಉತ್ತರ: ಸಿರಿವಂತಿಕೆಯ ಮಾತು ದೂರವೇ ಉಳಿಯಿತು. ಗಿನ್ನೆಸ್ ಹುಟ್ಟಿದ್ದು 1914ರ ಏಪ್ರಿಲ್ 2ರಂದು, ಲಂಡನ್ನಿನಲ್ಲಿ, ಅವಿವಾಹಿತ ತಾಯಿಯ ಮಗನಾಗಿ. ಜನನ ಪತ್ರದಲ್ಲಿ ತಂದೆಯ ಹೆಸರಿನ ಜಾಗ ಖಾಲಿ. ‘ಗಿನ್ನೆಸ್’ ಎಂಬುದು ತಾಯಿ ಕೊಟ್ಟ ಹೆಸರು. ಮದ್ಯ ತಯಾರಕರ ಮನೆತನದೊಂದಿಗೆ ರಕ್ತಸಂಬಂಧ ಇತ್ತೆಂಬುದಕ್ಕೆ ಪುರಾವೆ ಇಲ್ಲ. ಬ್ಯಾಂಕಿನವರೊಬ್ಬರು ಶಾಲೆಯ ಶುಲ್ಕ ಕಟ್ಟುತ್ತಿದ್ದರು, ಆಗಾಗ ಬಂದು ನೋಡಿಕೊಂಡು ಹೋಗುತ್ತಿದ್ದರು. ಅವರೇ ತಮ್ಮ ತಂದೆಯಿರಬಹುದೆಂದು ಗಿನ್ನೆಸ್ ಊಹಿಸಿದ್ದರು. ತಾನು ಯಾರ ಮಗನೆಂಬುದೇ ಖಚಿತವಿಲ್ಲದ ಹುಡುಗನೊಬ್ಬ ದೊಡ್ಡವನಾಗಿ ಬೇರೆಯವರಾಗುವುದನ್ನೇ ವೃತ್ತಿ ಮಾಡಿಕೊಂಡ ಎಂದು ಹೇಳಿಬಿಡುವುದು ಸುಲಭ. ಅನೇಕರು ಹಾಗೆ ಬರೆದಿದ್ದಾರೆ ಕೂಡ. ಆ ವಿವರಣೆಯನ್ನು ನಾನು ಪೂರ್ತಿ ಒಪ್ಪಲಾರೆ, ಏಕೆಂದರೆ ಅಂಥ ಬಾಲ್ಯ ಅನೇಕರದ್ದು. ಅಂಥ ಕಸುಬು ಕೆಲವರದ್ದು ಮಾತ್ರ.

ಶಾಲೆ ಮುಗಿದ ಮೇಲೆ ಜಾಹೀರಾತು ಸಂಸ್ಥೆಯೊಂದರಲ್ಲಿ ಬರವಣಿಗೆಯ ಕೆಲಸಕ್ಕೆ ಸೇರಿದರು. ನಟನೆಯ ಪಾಠಕ್ಕಾಗಿ ಮಾರ್ಟಿಟಾ ಹಂಟ್ ಎಂಬ ನಟಿಯ ಬಳಿ ಹೋದಾಗ, ಈ ಹುಡುಗನಲ್ಲಿ ಪ್ರತಿಭೆಯೇ ಇಲ್ಲವೆಂದು ಆಕೆ ಆರಂಭದಲ್ಲಿ ಕೈಚೆಲ್ಲಿದ್ದರು. ಮುಂದೆ 1946ರಲ್ಲಿ ಡೇವಿಡ್ ಲೀನ್ ‘ಗ್ರೇಟ್ ಎಕ್ಸ್‌ಪೆಕ್ಟೇಷನ್ಸ್’ ಚಿತ್ರ ಮಾಡಿದಾಗ ಮಿಸ್ ಹ್ಯಾವಿಶಾಮ್ ಆಗಿ ಅದೇ ಮಾರ್ಟಿಟಾ ಹಂಟ್, ಹರ್ಬರ್ಟ್ ಪಾಕೆಟ್ ಆಗಿ ಅದೇ ಹುಡುಗ, ಇಬ್ಬರೂ ಒಂದೇ ಪರದೆಯ ಮೇಲೆ ಬಂದರು. ಅಷ್ಟರವರೆಗೆ ಗಿನ್ನೆಸ್ ಅವರನ್ನು ಕೈಹಿಡಿದವರು ಹೆಸರಾಂತ ರಂಗನಟ ಜಾನ್ ಗೀಲ್ಗುಡ್. ಕೆಲಸವಿಲ್ಲದೆ ಊಟಕ್ಕೂ ಕಷ್ಟವಿದ್ದ ದಿನಗಳಲ್ಲಿ ಗೀಲ್ಗುಡ್ ಇಪ್ಪತ್ತು ಪೌಂಡ್ ಕೊಡಲು ಬಂದಾಗ ತರುಣ ಗಿನ್ನೆಸ್ ಸ್ವಾಭಿಮಾನದಿಂದ ಬೇಡವೆಂದರು. 1934ರಲ್ಲಿ ತಮ್ಮ ‘ಹ್ಯಾಮ್ಲೆಟ್’ ನಾಟಕದಲ್ಲಿ ಆಸ್ರಿಕ್ ಎಂಬ ಪುಟ್ಟ ಪಾತ್ರ ಕೊಟ್ಟಾಗ ಎರಡೂ ಕೈಯಿಂದ ತೆಗೆದುಕೊಂಡರು. ಯುದ್ಧಕಾಲದಲ್ಲಿ ಸಾಮಾನ್ಯ ನಾವಿಕನಾಗಿ ನೌಕಾಪಡೆಗೆ ಸೇರಿ, ಅಧಿಕಾರಿಯಾಗಿ, 1943ರಲ್ಲಿ ಸಿಸಿಲಿಯ ಮೇಲೆ ನಡೆದ ದಾಳಿಯಲ್ಲಿ ಸೈನಿಕರನ್ನು ದಡಕ್ಕಿಳಿಸುವ ಹಡಗೊಂದನ್ನು ನಡೆಸಿದರು.

ಪ್ರಶ್ನೆ: ಇಷ್ಟು ದೊಡ್ಡ ನಟ ಸೋತದ್ದೇ ಇಲ್ಲವೇ?
– ಓದುಗರು, ಕುಂದಾಪುರ

ಉತ್ತರ: ಸೋತಿದ್ದಾರೆ, ಅದೂ ಎಲ್ಲರ ಕಣ್ಣೆದುರಿಗೆ. 1951ರಲ್ಲಿ ಲಂಡನ್ನಿನಲ್ಲಿ ತಾವೇ ನಿರ್ದೇಶನದ ಹೊಣೆ ಹೊತ್ತು ಹ್ಯಾಮ್ಲೆಟ್ ಆಗಿ ನಿಂತರು. ಮೊದಲ ರಾತ್ರಿಯೇ ಬೆಳಕಿನ ವ್ಯವಸ್ಥೆ ತಪ್ಪಿತು, ವಿಮರ್ಶಕರು ನಿರ್ದಯವಾಗಿ ಬರೆದರು, ಆ ಗಾಯ ಬಹುಕಾಲ ಉಳಿಯಿತು. 1966ರಲ್ಲಿ ಫ್ರೆಂಚ್ ನಟಿ ಸಿಮೋನ್ ಸಿನ್ಯೋರೆ ಅವರ ಜೊತೆ ಮಾಡಿದ ‘ಮ್ಯಾಕ್‌ಬೆತ್’ ಕೂಡ ಒದಗಿ ಬರಲಿಲ್ಲ. ಇದಕ್ಕೆ ಪ್ರತಿಯಾಗಿ 1946ರಲ್ಲಿ ಲಾರೆನ್ಸ್ ಒಲಿವಿಯೆ ಲಿಯರ್ ದೊರೆಯಾಗಿದ್ದ ಪ್ರಯೋಗವನ್ನು ಇಟ್ಟು ನೋಡಿ. ಅಲ್ಲಿ ಗಿನ್ನೆಸ್ ಮಾಡಿದ್ದು ವಿದೂಷಕನ ಪಾತ್ರ, ಹೇಳಲು ಇದ್ದ ಮಾತುಗಳೂ ಕಡಿಮೆ. ಆದರೂ ಆ ವಿದೂಷಕ ನೋಡಿದವರ ನೆನಪಿನಲ್ಲಿ ದೊರೆಯ ಪಕ್ಕದಲ್ಲೇ ಉಳಿದುಕೊಂಡ. ಹ್ಯಾಮ್ಲೆಟ್, ಮ್ಯಾಕ್‌ಬೆತ್ ಮುಂತಾದ ಪಾತ್ರಗಳು ನಟನ ಸ್ವಂತ ವ್ಯಕ್ತಿತ್ವವನ್ನೇ ರಂಗದ ತುಂಬ ಹರಡು ಎಂದು ಕೇಳುತ್ತವೆ. ಗಿನ್ನೆಸ್ ಅವರ ಶಕ್ತಿ ಇದ್ದದ್ದು ಹರಡುವುದರಲ್ಲಲ್ಲ, ಅಡಗಿಸುವುದರಲ್ಲಿ.

ಪ್ರಶ್ನೆ: ‘ಕ್ವಾಯ್’ ಚಿತ್ರದಲ್ಲಿ ಆಸ್ಕರ್ ತಂದುಕೊಟ್ಟ ಪಾತ್ರದ ಹಿರಿಮೆ ಏನು? ಆ ಕರ್ನಲ್ ನನಗೆ ಹಟಮಾರಿಯಾಗಿ ಮಾತ್ರ ಕಂಡ.
– ನಿವೃತ್ತ ಅಧ್ಯಾಪಕರು, ಶಿರಸಿ

ಉತ್ತರ: ತಮಗೆ ಹಾಗೆ ಕಂಡದ್ದರಲ್ಲಿ ತಪ್ಪಿಲ್ಲ. ಕರ್ನಲ್ ನಿಕೋಲ್ಸನ್ ಜಪಾನೀಯರ ಸೆರೆಯಲ್ಲಿರುವ ಬ್ರಿಟಿಷ್ ಸೇನಾಧಿಕಾರಿ. ಅಧಿಕಾರಿಗಳು ಕೂಲಿ ಕೆಲಸ ಮಾಡಬಾರದೆಂಬ ನಿಯಮಕ್ಕಾಗಿ ಪ್ರಾಣವನ್ನೇ ಪಣವಿಟ್ಟು ಗೆಲ್ಲುತ್ತಾನೆ. ಗೆದ್ದ ಮೇಲೆ ತನ್ನ ಸೈನಿಕರ ಶಿಸ್ತು ಉಳಿಸಲೆಂದು ಶತ್ರುವಿಗೆ ಅತ್ಯುತ್ತಮವಾದ ಸೇತುವೆಯನ್ನೇ ಕಟ್ಟಿಸಿಕೊಡುತ್ತಾನೆ. ಯಾವ ಗುಣದಿಂದ ಅವನು ನಮ್ಮ ಗೌರವ ಗಳಿಸುತ್ತಾನೋ ಅದೇ ಗುಣದಿಂದ ದ್ರೋಹದ ಅಂಚಿಗೆ ಬಂದು ನಿಲ್ಲುತ್ತಾನೆ, ಮತ್ತು ಕೊನೆಯ ಗಳಿಗೆಯವರೆಗೆ ಅದು ಅವನಿಗೆ ತಿಳಿಯುವುದಿಲ್ಲ. ಇಂಥ ಮನುಷ್ಯನನ್ನು ಮೂರ್ಖನೆಂದು ತೋರಿಸದೆ, ವೀರನೆಂದೂ ತೋರಿಸದೆ ಅಭಿನಯಿಸುವುದು ಎಷ್ಟು ಕಷ್ಟವೆಂಬುದನ್ನು ಗಿನ್ನೆಸ್ ಬಲ್ಲವರಾಗಿದ್ದರು. ಪಾತ್ರವನ್ನು ಒಪ್ಪಿಕೊಳ್ಳುವ ಮೊದಲು ಒಂದಕ್ಕಿಂತ ಹೆಚ್ಚು ಸಲ ನಿರಾಕರಿಸಿದ್ದರು. ಸಿಂಹಳದ (ಇಂದಿನ ಶ್ರೀಲಂಕಾದ) ಕಾಡಿನಲ್ಲಿ, ಕಿತುಲ್‌ಗಲ ಎಂಬಲ್ಲಿ ನಡೆದ ಚಿತ್ರೀಕರಣದುದ್ದಕ್ಕೂ ನಿರ್ದೇಶಕ ಲೀನ್ ಅವರೊಡನೆ ಪಾತ್ರದ ಅರ್ಥದ ಕುರಿತು ಜಗಳವಾಡಿದರು.

ಒಂದು ದೃಶ್ಯವನ್ನು ಮತ್ತೊಮ್ಮೆ ನೋಡಲು ತಮ್ಮನ್ನು ಕೋರುತ್ತೇನೆ. ಬಿಸಿಲಿಗೆ ಕಾದ ತಗಡಿನ ಪೆಟ್ಟಿಗೆಯಲ್ಲಿ ದಿನಗಟ್ಟಲೆ ಕೂಡಿಟ್ಟಿದ್ದ ಕರ್ನಲ್‌ನನ್ನು ಹೊರಗೆ ತಂದು, ಮೈದಾನ ದಾಟಿಸಿ ಜಪಾನಿ ಅಧಿಕಾರಿಯ ಕೋಣೆಗೆ ಕರೆದೊಯ್ಯುತ್ತಾರೆ. ಮೊಣಕಾಲು ಕುಸಿಯುತ್ತದೆ, ತೋಳು ಎಲ್ಲೋ ತೂಗುತ್ತದೆ, ಆದರೆ ಹೆಗಲು ಮಾತ್ರ ಪೆರೇಡಿನ ಹೆಗಲಾಗಿಯೇ ಉಳಿಯಲು ಹೆಣಗುತ್ತಿರುತ್ತದೆ. ಗಿನ್ನೆಸ್ ಅವರ ಒಬ್ಬನೇ ಮಗ ಮ್ಯಾಥ್ಯೂ ಹನ್ನೊಂದನೆಯ ವಯಸ್ಸಿನಲ್ಲಿ ಪೋಲಿಯೋಗೆ ತುತ್ತಾಗಿ, ಮತ್ತೆ ನಡೆಯಲು ಕಲಿತವನು. ಆ ಮಗುವಿನ ಹೆಜ್ಜೆಗಳನ್ನೇ ಈ ದೃಶ್ಯಕ್ಕೆ ತಂದದ್ದಾಗಿ ಗಿನ್ನೆಸ್ ಹೇಳಿದ್ದಾರೆ. ಅದನ್ನು ತಿಳಿದ ಮೇಲೆ ಆ ಮೈದಾನದ ನಡಿಗೆಯನ್ನು ಸೈನಿಕನೊಬ್ಬನ ಹಟವೆಂದು ಮಾತ್ರ ನೋಡಲು ನನಗೆ ಸಾಧ್ಯವಾಗಿಲ್ಲ. ಮಗ ಗುಣವಾಗಲಿ ಎಂದು ದಾರಿಯಲ್ಲಿದ್ದ ಚರ್ಚಿಗೆ ಹೋಗಿ ಪ್ರಾರ್ಥಿಸುತ್ತಿದ್ದ ತಂದೆ ಮುಂದೆ 1956ರಲ್ಲಿ ಕ್ಯಾಥೊಲಿಕ್ ಪಂಥವನ್ನು ಸ್ವೀಕರಿಸಿದರು.

ಆ ಚಿತ್ರಕ್ಕೆ ಏಳು ಆಸ್ಕರ್ ಬಂದವು. ಅವುಗಳಲ್ಲೊಂದು ಗಿನ್ನೆಸ್ ಅವರಿಗೆ, ಅತ್ಯುತ್ತಮ ನಟನೆಂದು. ಮರುವರ್ಷ ‘ದಿ ಹಾರ್ಸಸ್ ಮೌತ್’ ಚಿತ್ರಕ್ಕಾಗಿ ಅವರೇ ಬರೆದ ಚಿತ್ರಕಥೆಯೂ ಆಸ್ಕರ್‌ಗೆ ನಾಮನಿರ್ದೇಶನಗೊಂಡಿತು. 1959ರಲ್ಲಿ ಸರ್ ಪದವಿ ಬಂತು. ತಮಗೆ ಸೇನೆಯ ಕಥೆಗಳಲ್ಲಿ ಆಸಕ್ತಿಯಿದ್ದರೆ 1960ರ ‘ಟ್ಯೂನ್ಸ್ ಆಫ್ ಗ್ಲೋರಿ’ಯನ್ನು ತಪ್ಪದೆ ನೋಡಬೇಕು. ಅದರ ಕೆಂಗೂದಲಿನ, ಕುಡುಕ, ಒರಟು ಸ್ಕಾಟಿಷ್ ಅಧಿಕಾರಿ ನಿಕೋಲ್ಸನ್‌ಗೆ ತದ್ವಿರುದ್ಧ. ಆ ಕಥೆಯ ಶಿಸ್ತಿನ ಅಧಿಕಾರಿಯ ಪಾತ್ರ ಗಿನ್ನೆಸ್ ಅವರಿಗೆ ಸಹಜವಾಗಿ ಒಪ್ಪುತ್ತಿತ್ತು. ಅದನ್ನು ಜಾನ್ ಮಿಲ್ಸ್ ಮಾಡಿದರು, ಗಿನ್ನೆಸ್ ಕಷ್ಟದ್ದನ್ನು ಆರಿಸಿಕೊಂಡರು.

ಪ್ರಶ್ನೆ: ನಮ್ಮ ತಂದೆಯವರು ಎಂಬತ್ತರ ದಶಕದಲ್ಲಿ ಸಾವನದುರ್ಗದ ಬಳಿ ಇಂಗ್ಲಿಷ್ ಸಿನಿಮಾದ ಚಿತ್ರೀಕರಣ ನಡೆದದ್ದನ್ನು ಹೇಳುತ್ತಿದ್ದರು. ಅದರಲ್ಲಿ ಬಿಳಿಯ ನಟರೊಬ್ಬರು ಬ್ರಾಹ್ಮಣನ ವೇಷ ಹಾಕಿದ್ದರಂತೆ. ಅವರು ಇದೇ ಗಿನ್ನೆಸ್ ಅವರೇ?
– ಓದುಗರು, ರಾಮನಗರ

ಉತ್ತರ: ಅವರೇ. ತಮ್ಮ ತಂದೆಯವರ ನೆನಪು ಸರಿಯಾಗಿದೆ. ಚಿತ್ರದ ಹೆಸರು ‘ಎ ಪ್ಯಾಸೇಜ್ ಟು ಇಂಡಿಯಾ’, ಬಿಡುಗಡೆಯಾದದ್ದು 1984ರಲ್ಲಿ. ಇ. ಎಂ. ಫಾರ್ಸ್ಟರ್ 1924ರಲ್ಲಿ ಪ್ರಕಟಿಸಿದ ಕಾದಂಬರಿಯನ್ನು ಆಧರಿಸಿ ಡೇವಿಡ್ ಲೀನ್ ನಿರ್ದೇಶಿಸಿದ ಕೊನೆಯ ಚಿತ್ರ ಅದು. ಕಾದಂಬರಿಯ ಮರಬಾರ್ ಗುಹೆಗಳಿಗೆ ಮೂಲ ಬಿಹಾರದ ಬರಾಬರ್ ಗುಹೆಗಳು; ಆದರೆ ಲೀನ್ ಅವರ ಕಣ್ಣಿಗೆ ಹಿಡಿಸಿದ್ದು ನಮ್ಮ ಸಾವನದುರ್ಗ ಮತ್ತು ರಾಮದೇವರ ಬೆಟ್ಟದ ಬಂಡೆಗಳು. ಅಲ್ಲಿ ಅಂಥ ಗುಹೆಗಳು ಇರಲಿಲ್ಲವಾದ್ದರಿಂದ ಬಂಡೆಯಲ್ಲಿ ಗುಹೆಯ ಬಾಯಿಗಳನ್ನು ಕೊರೆಸಿದರು. ಕಥೆಯ ಊರಾದ ಚಂದ್ರಾಪುರದ ಪೇಟೆ ಎದ್ದದ್ದು ಬೆಂಗಳೂರು ಅರಮನೆಯ ಆವರಣದಲ್ಲಿ. ವಿಕ್ಟರ್ ಬ್ಯಾನರ್ಜಿ, ಜೂಡಿ ಡೇವಿಸ್, ಸಯೀದ್ ಜಾಫ್ರಿ, ರೋಷನ್ ಸೇಠ್ ಮೊದಲಾದವರು ಅಭಿನಯಿಸಿದ ಆ ಚಿತ್ರದಲ್ಲಿ ಮುದುಕಿ ಮಿಸೆಸ್ ಮೂರ್ ಪಾತ್ರ ಮಾಡಿದ ಪೆಗ್ಗಿ ಆ್ಯಶ್‌ಕ್ರಾಫ್ಟ್ ಅವರಿಗೆ ಆಸ್ಕರ್ ಬಂತು. ಗಿನ್ನೆಸ್ ವಹಿಸಿದ್ದು ಪ್ರೊಫೆಸರ್ ನಾರಾಯಣ ಗೋಡಬೋಲೆ ಎಂಬ ಬ್ರಾಹ್ಮಣನ ಪಾತ್ರವನ್ನು.

ನಮ್ಮ ಬೆಟ್ಟದ ತಪ್ಪಲಿಗೆ ಬಂದು ಹೋದ ದೊಡ್ಡ ನಟನ ಬಗ್ಗೆ ಅಭಿಮಾನ ಪಡುವುದು ಸಹಜ. ಆದರೂ ಈ ಪಾತ್ರ ಅವರ ಗೆಲುವುಗಳ ಸಾಲಿಗೆ ಸೇರುವುದಿಲ್ಲವೆಂದು ಹೇಳಲೇಬೇಕು. ಗೋಡಬೋಲೆಯವರ ಮೌನಕ್ಕೆ ಕಾದಂಬರಿಯಲ್ಲಿ ಒಂದು ಆಳವಿದೆ. ಎಲ್ಲವನ್ನೂ ಕೃಷ್ಣನಿಗೆ ಬಿಟ್ಟವನ ನಿರ್ಲಿಪ್ತತೆ ಅದು. ಚಿತ್ರದಲ್ಲಿ ಆ ಮೌನ ಒಂದು ವಿಲಕ್ಷಣ ಚಹರೆಯಾಗಿ ಮಾತ್ರ ಉಳಿದಿದೆ. ಪಾತ್ರಕ್ಕಾಗಿ ಗಿನ್ನೆಸ್ ಶ್ರಮಪಟ್ಟು ಕಲಿತಿದ್ದ ನೃತ್ಯವೊಂದನ್ನು ಲೀನ್ ಸಂಕಲನದಲ್ಲಿ ಕತ್ತರಿಸಿದರು. ಇದರಿಂದ ಗಿನ್ನೆಸ್ ಬಹಳ ನೊಂದರು, ಆರು ಚಿತ್ರಗಳ ಗೆಳೆತನದಲ್ಲಿ ಬಿರುಕು ಬಿತ್ತು. ಆದರೆ ತೊಡಕು ಇದ್ದದ್ದು ಆ ಕತ್ತರಿಯಲ್ಲಿ ಮಾತ್ರವಲ್ಲ. ಇಷ್ಟು ಜನ ಭಾರತೀಯ ನಟರು ಸುತ್ತ ನಿಂತಿರುವಾಗ ಇಂಗ್ಲಿಷ್ ಮನುಷ್ಯನೊಬ್ಬ ಮುಖಕ್ಕೆ ಕಂದು ಬಣ್ಣ ಬಳಿದುಕೊಂಡು ಅವರ ನಡುವೆ ಕುಳಿತರೆ, ಎಷ್ಟೇ ನಿಪುಣನಾದರೂ ಬಣ್ಣವೇ ಮೊದಲು ಕಾಣುತ್ತದೆ. ಮರೆಯಾಗುವುದೇ ಯಾರ ಕಲೆಯೋ ಅಂಥ ನಟ ಅಲ್ಲಿ ಎದ್ದು ಕಾಣುತ್ತಾರೆ.

ಇದು ಅವರಿಗೆ ಹೊಸ ಪಾಠವೇನೂ ಆಗಿರಲಿಲ್ಲ ಎಂಬುದು ನನ್ನನ್ನು ಹೆಚ್ಚು ಕಾಡುತ್ತದೆ. ಡಿಕನ್ಸ್ ಕಾದಂಬರಿಯನ್ನು ಆಧರಿಸಿದ 1948ರ ‘ಆಲಿವರ್ ಟ್ವಿಸ್ಟ್’ ಚಿತ್ರದಲ್ಲಿ ಯಹೂದಿ ಫೇಗಿನ್‌ನ ಪಾತ್ರಕ್ಕೆ ಲೀನ್ ಮೊದಲು ಅವರನ್ನು ಒಪ್ಪಿರಲಿಲ್ಲ. ವೇಷ ಧರಿಸಿ ಪರೀಕ್ಷೆಗೆ ಬಂದು ನಿಂತಾಗ ಮರುಮಾತಿಲ್ಲದೆ ಒಪ್ಪಿದರು. ಮೇಕಪ್ ಕಲಾವಿದ ಸ್ಟುವರ್ಟ್ ಫ್ರೀಬಾರ್ನ್, ಡಿಕನ್ಸ್ ಕಾಲದ ಮುದ್ರಿತ ಚಿತ್ರಗಳನ್ನು ನೋಡಿ ಅವರಿಗೆ ಬೃಹತ್ತಾದ ಮೂಗು ಅಂಟಿಸಿದ್ದರು. ನಾಜಿಗಳ ಹತ್ಯಾಕಾಂಡ ಮುಗಿದು ಮೂರೇ ವರ್ಷ ಕಳೆದಿತ್ತು. ಬರ್ಲಿನ್ನಿನಲ್ಲಿ ಯಹೂದಿಗಳು ಚಿತ್ರಮಂದಿರದ ಮುಂದೆ ಪ್ರತಿಭಟಿಸಿದರು. ಅಮೆರಿಕದಲ್ಲಿ ಬಿಡುಗಡೆ 1951ರವರೆಗೆ ತಡವಾಗಿ, ಕತ್ತರಿ ಪ್ರಯೋಗದ ನಂತರವೇ ಸಾಧ್ಯವಾಯಿತು. ನಟನೆಯಾಗಿ ಫೇಗಿನ್ ಅದ್ಭುತ, ಒಪ್ಪುತ್ತೇನೆ. ಆದರೆ ಒಂದು ಜನಾಂಗವನ್ನು ಅಣಕಿಸಲು ಬಳಸುತ್ತ ಬಂದ ಮೂಗನ್ನು ಧರಿಸಿದ ಮೇಲೆ, ನಾನು ಒಬ್ಬ ವ್ಯಕ್ತಿಯನ್ನು ಮಾತ್ರ ಅಭಿನಯಿಸಿದೆ ಎಂದು ನಟ ಹೇಳುವಂತಿಲ್ಲ. 1961ರ ‘ಎ ಮೆಜಾರಿಟಿ ಆಫ್ ಒನ್’ನಲ್ಲಿ ಜಪಾನೀಯನಾಗಿ ಅವರು ಕಾಣಿಸಿಕೊಂಡದ್ದನ್ನಂತೂ ಮರೆಯುವುದೇ ಒಳ್ಳೆಯದು. ‘ಲಾರೆನ್ಸ್ ಆಫ್ ಅರೇಬಿಯಾ’ದ ಅರಬ್ ರಾಜಕುಮಾರ ಫೈಸಲ್ ಮಾತ್ರ ಈ ಸಾಲಿನಲ್ಲಿ ಸ್ವಲ್ಪ ಭಿನ್ನ; ಅಲ್ಲಿ ಬಣ್ಣಕ್ಕಿಂತ ಆ ಮೆಲುದನಿಯ ರಾಜಕೀಯ ಜಾಣ್ಮೆ ನೆನಪಿನಲ್ಲಿ ಉಳಿಯುತ್ತದೆ.

ಪ್ರಶ್ನೆ: ಅಜ್ಜ, ‘ಸ್ಟಾರ್ ವಾರ್ಸ್’ನ ಓಬಿ-ವಾನ್ ಕೆನೋಬಿ ನನ್ನ ಮೆಚ್ಚಿನ ಪಾತ್ರ. ಗಿನ್ನೆಸ್ ಅವರಿಗೆ ಆ ಚಿತ್ರ ಇಷ್ಟವೇ ಇರಲಿಲ್ಲವೆಂದು ಗೆಳೆಯರು ಹೇಳುತ್ತಾರೆ. ನಿಜವೇ?
– ಪಿಯುಸಿ ವಿದ್ಯಾರ್ಥಿ, ಹುಬ್ಬಳ್ಳಿ

ಉತ್ತರ: ಮಗು, ನಿನ್ನ ಗೆಳೆಯರ ಮಾತಿನಲ್ಲಿ ಸತ್ಯಾಂಶವಿದೆ, ಆದರೆ ಅದರಿಂದ ನಿನ್ನ ಮೆಚ್ಚುಗೆ ಕುಗ್ಗಬೇಕಾಗಿಲ್ಲ. ಚಿತ್ರೀಕರಣದ ಕಾಲದ ಪತ್ರಗಳಲ್ಲಿ ಅವರು ಸಂಭಾಷಣೆ ಕಳಪೆಯೆಂದು ದೂರಿದ್ದಾರೆ. ನಿರ್ದೇಶಕ ಜಾರ್ಜ್ ಲ್ಯೂಕಾಸ್ ಅವರ ಪಾಲಿನ ಆದಾಯದಲ್ಲಿ ಶೇಕಡಾ ಎರಡಕ್ಕೂ ತುಸು ಹೆಚ್ಚು ಗಿನ್ನೆಸ್ ಅವರಿಗೆ ಸಲ್ಲುವ ಒಪ್ಪಂದವಾಗಿತ್ತು. 1977ರಲ್ಲಿ ಚಿತ್ರ ಜಗತ್ತನ್ನೇ ಗೆದ್ದಾಗ ಉಳಿದ ಆಯುಷ್ಯಕ್ಕೆ ಹಣದ ಚಿಂತೆ ಇಲ್ಲವಾಯಿತು. ಅದಕ್ಕಾಗಿ ಅವರು ಕೃತಜ್ಞರಾಗಿಯೇ ಇದ್ದರು. ಬೇಸರವಿದ್ದದ್ದು ಬೇರೆ ಕಾರಣಕ್ಕೆ. ಚಿತ್ರವನ್ನು ನೂರಕ್ಕೂ ಹೆಚ್ಚು ಸಲ ನೋಡಿದ್ದೇನೆಂದು ಹೆಮ್ಮೆಯಿಂದ ಹೇಳಿದ ಹುಡುಗನೊಬ್ಬನಿಗೆ, ಇನ್ನು ಮುಂದೆ ನೋಡುವುದಿಲ್ಲವೆಂದು ನನಗೆ ಮಾತು ಕೊಡುವೆಯಾ ಎಂದು ಕೇಳಿದರಂತೆ. ಹುಡುಗ ಅತ್ತುಬಿಟ್ಟ, ಅವನ ತಾಯಿ ಸಿಟ್ಟಾದಳು. ತಮ್ಮ ಕೊನೆಯ ಪುಸ್ತಕದಲ್ಲಿ ಇದನ್ನು ಅವರೇ ಬರೆದುಕೊಂಡಿದ್ದಾರೆ. ನಲವತ್ತು ವರ್ಷ ಹಿಂದಿನ ಪಾತ್ರಗಳೆಲ್ಲ ಅಳಿಸಿಹೋಗಿ ಒಂದೇ ಮುಖವಾಡ ತಮ್ಮ ಮೇಲೆ ಅಂಟಿಕೊಳ್ಳುತ್ತದೆಂಬ ಭಯ ಅವರಿಗಿತ್ತು. ಆದರೂ ಕೆಲಸದಲ್ಲಿ ಆ ಬೇಸರದ ನೆರಳು ಬೀಳಗೊಡಲಿಲ್ಲ. ತಾವೇ ನಂಬದ ಮಾತುಗಳನ್ನು ಎಷ್ಟು ಶಾಂತವಾಗಿ, ಎಷ್ಟು ನಂಬುವಂತೆ ಹೇಳಿದ್ದಾರೆಂದು ಮುಂದಿನ ಸಲ ಗಮನಿಸು. ಆ ಪಾತ್ರಕ್ಕೂ ಆಸ್ಕರ್ ನಾಮನಿರ್ದೇಶನ ಬಂದಿತ್ತು. ಅಂದ ಹಾಗೆ, ಅದೇ ಸರಣಿಯ ಯೋಡಾ ಎಂಬ ಪಾತ್ರದ ರೂಪವನ್ನು ಸಿದ್ಧಪಡಿಸಿದವರು ಮೇಲೆ ಹೇಳಿದ ಸ್ಟುವರ್ಟ್ ಫ್ರೀಬಾರ್ನ್ ಅವರೇ.

ಪ್ರಶ್ನೆ: ಗಿನ್ನೆಸ್ ಅವರ ಅತ್ಯುತ್ತಮ ಅಭಿನಯ ಯಾವುದೆಂದು ತಾವು ಭಾವಿಸುತ್ತೀರಿ?
– ಓದುಗರು, ಧಾರವಾಡ

ಉತ್ತರ: ಅವರು ಅರುವತ್ತೈದರ ವಯಸ್ಸಿನಲ್ಲಿ ಮಾಡಿದ ಜಾರ್ಜ್ ಸ್ಮೈಲಿ. ಇದನ್ನು ಹೇಳಲು ನನಗೆ ಹಿಂಜರಿಕೆಯಿಲ್ಲ. ಜಾನ್ ಲ ಕಾರೆ ಅವರ ಕಾದಂಬರಿಯನ್ನು ಆಧರಿಸಿ ಬಿಬಿಸಿ 1979ರಲ್ಲಿ ಏಳು ಕಂತುಗಳಲ್ಲಿ ಪ್ರಸಾರ ಮಾಡಿದ ‘ಟಿಂಕರ್ ಟೈಲರ್ ಸೋಲ್ಜರ್ ಸ್ಪೈ’ ಮತ್ತು 1982ರ ‘ಸ್ಮೈಲೀಸ್ ಪೀಪಲ್’, ಇವೆರಡರಲ್ಲೂ ಅವರದು ನಿವೃತ್ತ ಗೂಢಚಾರನ ಪಾತ್ರ. ಎರಡಕ್ಕೂ ಬ್ರಿಟನ್ನಿನ ಚಲನಚಿತ್ರ ಮತ್ತು ಟಿವಿ ಅಕಾಡೆಮಿಯ ಬಾಫ್ಟಾ ಪ್ರಶಸ್ತಿ ಬಂತು.

ಕಾದಂಬರಿಯ ಸ್ಮೈಲಿ ಕುಳ್ಳ, ದಪ್ಪ. ನಾನು ದುಂಡಗಿಲ್ಲವಲ್ಲ, ಈ ಪಾತ್ರ ನನಗೆ ಹೇಗೆ ಒಪ್ಪೀತು ಎಂದು ಗಿನ್ನೆಸ್ ಲೇಖಕರಿಗೆ ಬರೆದಿದ್ದರು. ಫೇಗಿನ್ ಕಾಲದ ಗಿನ್ನೆಸ್ ಆಗಿದ್ದರೆ ಹೊಟ್ಟೆಗೆ ದಿಂಬು ಕಟ್ಟಿಕೊಳ್ಳುತ್ತಿದ್ದರೋ ಏನೋ. ಈಗ ಅವರು ಕೇಳಿದ್ದು ನಿಜವಾದ ಗೂಢಚಾರನೊಬ್ಬನನ್ನು ನೋಡುವ ಅವಕಾಶವನ್ನು. ಬ್ರಿಟನ್ನಿನ ಗುಪ್ತಚರ ಸಂಸ್ಥೆಯ ಮುಖ್ಯಸ್ಥರಾಗಿ ನಿವೃತ್ತರಾಗಿದ್ದ ಮಾರಿಸ್ ಓಲ್ಡ್‌ಫೀಲ್ಡ್ ಅವರೊಡನೆ ಲ ಕಾರೆ ಒಂದು ಮಧ್ಯಾಹ್ನದ ಊಟ ಏರ್ಪಡಿಸಿದರು. ಊಟದುದ್ದಕ್ಕೂ ಗಿನ್ನೆಸ್, ಓಲ್ಡ್‌ಫೀಲ್ಡ್ ಅವರ ಬೂಟು, ಕಫ್‌ಲಿಂಕ್, ಕೈಯ ಚಲನೆ ಎಲ್ಲವನ್ನೂ ಗಮನಿಸುತ್ತಿದ್ದರು; ಊಟ ಮುಗಿದ ಮೇಲೆ, ಕೊಡೆ ಹಿಡಿದು ಬೀದಿಯಲ್ಲಿ ದೂರ ಸಾಗುತ್ತಿದ್ದ ಆ ಮನುಷ್ಯನ ನಡಿಗೆಯನ್ನು ನೋಡುತ್ತ ನಿಂತರು.

ಹಾಗೆ ಹುಟ್ಟಿದ ಸ್ಮೈಲಿಗೆ ಮೇಕಪ್ ಇಲ್ಲ, ವಿಗ್ ಇಲ್ಲ, ಅಂಟಿಸಿದ ಮೂಗು ಇಲ್ಲ. ಒಂದು ಮಳೆಕೋಟು, ಒಂದು ದಪ್ಪ ಕನ್ನಡಕ. ಕನ್ನಡಕವನ್ನು ತೆಗೆದು ಟೈಯ ತುದಿಯಿಂದ ಒರೆಸುವುದು ಅವನ ಅಭ್ಯಾಸ. ಒರೆಸುತ್ತಿರುವಷ್ಟು ಹೊತ್ತು ಆ ಕಣ್ಣುಗಳು ಬೆತ್ತಲಾಗಿ, ನೋವು ಕಾಣಿಸುವಂತೆ ಇರುತ್ತವೆ. ಮತ್ತೆ ಧರಿಸಿದೊಡನೆ ಬಾಗಿಲು ಮುಚ್ಚಿದಂತೆ. ಪಾತ್ರದ ಬಹುಪಾಲು ಕೇಳಿಸಿಕೊಳ್ಳುವುದರಲ್ಲೇ ಕಳೆಯುತ್ತದೆ. ಎದುರಿನವನು ಮಾತನಾಡುತ್ತಾನೆ, ಸುಳ್ಳು ಹೇಳುತ್ತಾನೆ, ಸುಳ್ಳಿನ ನಡುವೆ ತಡವರಿಸುತ್ತಾನೆ. ಸ್ಮೈಲಿ ಸುಮ್ಮನೆ ಕುಳಿತಿರುತ್ತಾನೆ. ಆ ತಡವರಿಕೆ ಅವನಿಗೆ ತಿಳಿಯಿತೆಂಬುದು ನಮಗೆ ಹೇಗೋ ತಿಳಿಯುತ್ತದೆ. ಒಳಗಿನ ಭಾವವನ್ನೇ ಹೊರಗೆ ಕಾಣಿಸುವ ಸಾತ್ವಿಕಾಭಿನಯಕ್ಕೆ ನಾನು ಕಂಡ ಅತ್ಯಂತ ಸ್ಪಷ್ಟವಾದ ನಿದರ್ಶನ ಇದು. ಮುಂದೆ ಸ್ಮೈಲಿಯ ಬಗ್ಗೆ ಬರೆಯಲು ಕುಳಿತಾಗ ತಮಗೆ ಕೇಳಿಸುವುದು ಗಿನ್ನೆಸ್ ಅವರ ದನಿಯೇ ಆಗಿಬಿಟ್ಟಿತೆಂದು, ಆ ಪಾತ್ರವನ್ನು ಸೃಷ್ಟಿಸಿದ ಲ ಕಾರೆ ಅವರೇ ಒಪ್ಪಿಕೊಂಡಿದ್ದಾರೆ.

ಗಿನ್ನೆಸ್ ತೀರಿಕೊಂಡದ್ದು 2000ದ ಆಗಸ್ಟ್ 5ರಂದು, ಎಂಬತ್ತಾರನೆಯ ವಯಸ್ಸಿನಲ್ಲಿ. ಅರುವತ್ತೆರಡು ವರ್ಷ ಜೊತೆಗಿದ್ದ ಪತ್ನಿ ಮೆರುಲಾ ಅದೇ ವರ್ಷ ಅಕ್ಟೋಬರಿನಲ್ಲಿ ಅವರನ್ನು ಹಿಂಬಾಲಿಸಿದರು. ಎಪ್ಪತ್ತು ದಾಟಿದ ಮೇಲೆಯೂ ‘ಲಿಟಲ್ ಡಾರಿಟ್’ ಚಿತ್ರದಲ್ಲಿ ಸಾಲಕ್ಕಾಗಿ ಸೆರೆಮನೆ ಸೇರಿದ ಮುದುಕನ ಪಾತ್ರ ಮಾಡಿ ಮತ್ತೊಮ್ಮೆ ಆಸ್ಕರ್ ನಾಮನಿರ್ದೇಶನ ಪಡೆದಿದ್ದರು. ಆದರೂ ನೀವು ಒಂದನ್ನೇ ನೋಡುವುದಾದರೆ ‘ಸ್ಮೈಲೀಸ್ ಪೀಪಲ್’ನ ಕೊನೆಯ ಕಂತನ್ನು ನೋಡಿರಿ. ಬರ್ಲಿನ್ನಿನ ರಾತ್ರಿ, ಸೇತುವೆ, ಚಳಿ. ಜೀವಮಾನವಿಡೀ ಬೆನ್ನಟ್ಟಿದ ರಷ್ಯನ್ ವೈರಿ ಆ ಕಡೆಯಿಂದ ನಿಧಾನವಾಗಿ ನಡೆದು ಬರುತ್ತಾನೆ. ಬಹಳ ವರ್ಷಗಳ ಹಿಂದೆ ಸ್ಮೈಲಿಯಿಂದ ತೆಗೆದುಕೊಂಡಿದ್ದ ಲೈಟರನ್ನು, ಸ್ಮೈಲಿಯ ಹೆಂಡತಿ ಕೊಟ್ಟಿದ್ದ ಅದೇ ಲೈಟರನ್ನು, ಅವನ ಕಾಲಬಳಿ ಬೀಳಿಸುತ್ತಾನೆ. ಸ್ಮೈಲಿ ಅದರ ಕಡೆ ನೋಡುತ್ತಾನೆ. ಬಗ್ಗಿ ಎತ್ತಿಕೊಳ್ಳುವುದಿಲ್ಲ.